ಕಸದ ಲಾರಿಗೆ ಇರುವ ದಾರಿ

ಮಾನ್ಯ ನಿವಾಸಿಗಳ ಪ್ರತಿನಿಧಿ ಸಭೆಯ ಅಧ್ಯಕ್ಷರೇ,

ಕಳೆದ ಸೋಮವಾರ ನಿಮ್ಮ ಸಮುಚ್ಚಯದ ಹದಿನಾಲ್ಕು ಗೋಪುರಗಳ ಎಲ್ಲ ಲಿಫ್ಟುಗಳಲ್ಲೂ ನೀವು ಅಂಟಿಸಿದ ಪ್ರಕಟಣೆಯನ್ನು ಓದಿದೆ. ದಿನಕ್ಕೆ ನೂರು ಸಲ ಲಿಫ್ಟು ಹತ್ತಿ ಇಳಿಯುವ ನನಗೆ ಅದು ಬಾಯಿಪಾಠವೇ ಆಗಿಹೋಗಿದೆ. "ಇತ್ತೀಚೆಗೆ ನೆಲಮಾಳಿಗೆಯಲ್ಲಿ ನಡೆದ ಅಹಿತಕರ ಘಟನೆ ಮಕ್ಕಳ ಕಣ್ಣೆದುರು ಮರುಕಳಿಸದಂತೆ, ಐವತ್ತೈದು ವರ್ಷ ದಾಟಿದ ಪಾರ್ಸೆಲ್ ನೌಕರರು ಆರು ತಿಂಗಳಿಗೊಮ್ಮೆ ಆರೋಗ್ಯ ಪ್ರಮಾಣಪತ್ರ ಸಲ್ಲಿಸತಕ್ಕದ್ದು. ತಪ್ಪಿದಲ್ಲಿ ಪ್ರವೇಶವಿರುವುದಿಲ್ಲ." ಕೆಳಗೆ ನಿಮ್ಮ ಕೆಂಪು ಮುದ್ರೆ.

ಆ ಅಹಿತಕರ ಘಟನೆಗೆ ಒಂದು ಹೆಸರಿದೆ. ಸೊಕ್ ಗಿತೇ. ವಯಸ್ಸು ಅರವತ್ತೊಂದು. ನನ್ನ ಗಂಡ. ನೀವು ಅವರ ಹೆಸರು ಬರೆಯದೆ ಬಿಟ್ಟದ್ದು ಸೌಜನ್ಯದಿಂದಲೋ ಗೊತ್ತಿಲ್ಲದ್ದರಿಂದಲೋ ತಿಳಿಯದು. ಗೊತ್ತಿಲ್ಲದ್ದರಿಂದಲೇ ಆಗಿದ್ದರೆ ಈಗ ಗೊತ್ತಾಯಿತು. ಮುಂದಿನ ಪ್ರಕಟಣೆಯಲ್ಲಿ ಸೇರಿಸಿಕೊಳ್ಳಬಹುದು. ಈ ಪತ್ರವನ್ನು ಅದೇ ಲಿಫ್ಟುಗಳಲ್ಲಿ ಅಂಟಿಸಲು ನಿಮ್ಮ ಕಚೇರಿಗೆ ಮೂರು ಸಲ ಅನುಮತಿ ಕೇಳಿದೆ. ಮುದ್ರೆಯಿಲ್ಲದ ಕಾಗದ ಅಂಟಿಸುವಂತಿಲ್ಲ, ಮುದ್ರೆ ಅಧ್ಯಕ್ಷರ ಹತ್ತಿರವೇ ಇದೆ ಎಂದರು. ಆದ್ದರಿಂದ ನಮ್ಮ ಊರಿನ ವಾರಪತ್ರಿಕೆಗೆ ಕೊಟ್ಟಿದ್ದೇನೆ. ನಿಮ್ಮ ಮನೆಗೂ ಅದು ಬರುತ್ತದೆ. ತಂದು ಹಾಕುವವಳು ನಾನೇ.

ಮೊದಲಿಗೆ ನಿಮ್ಮ ಪರವಾಗಿ ಹೇಳಬೇಕಾದದ್ದನ್ನು ಹೇಳಿಬಿಡುತ್ತೇನೆ. ಹೋದ ವರ್ಷ ಜನವರಿಯಲ್ಲಿ ಒಂದು ಪಾರ್ಸೆಲ್ ಲಾರಿ ಹಿಂದಕ್ಕೆ ಬರುವಾಗ ಆರನೇ ಗೋಪುರದ ಮುಂದೆ ಒಂದು ಮಗುವಿನ ಸೈಕಲ್ಲಿಗೆ ತಾಗಿತು. ಮಗುವಿನ ಮೊಣಕೈ ತರಚಿತು. ಆ ಲಾರಿ ನಮ್ಮದಲ್ಲ, ಆದರೆ ನಮ್ಮದೂ ಆಗಿರಬಹುದಿತ್ತು. ನೀವು ತಕ್ಷಣ ಸಭೆ ಕರೆದು, ನೆಲದ ಮೇಲಿನ ಉದ್ಯಾನದ ರಸ್ತೆಗೆ ಪಾರ್ಸೆಲ್ ಲಾರಿ ಬರಕೂಡದು, ಎಲ್ಲವೂ ನೆಲಮಾಳಿಗೆಯಿಂದಲೇ ಬರಬೇಕು ಎಂದು ತೀರ್ಮಾನಿಸಿದಿರಿ. ಮಗು ಹೆತ್ತವಳಾಗಿ ನನಗೆ ಅದರಲ್ಲಿ ತಪ್ಪು ಕಾಣಲಿಲ್ಲ. ಒಂದೇ ತೊಡಕು. ನಿಮ್ಮ ನೆಲಮಾಳಿಗೆಯ ಬಾಯಿಯಲ್ಲಿ ಎರಡು ಮೀಟರ್ ಮೂವತ್ತು ಸೆಂಟಿಮೀಟರ್ ಎತ್ತರಕ್ಕೆ ಒಂದು ಕಬ್ಬಿಣದ ಅಡ್ಡಪಟ್ಟಿ ಇದೆ. ನಮ್ಮ ಲಾರಿಗಳ ಎತ್ತರ ಅದಕ್ಕಿಂತ ಒಂದು ಗೇಣು ಹೆಚ್ಚು.

ಇದನ್ನು ಹೇಳಲು ಆರು ಲಾರಿಗಳ ಆರು ಜನ ನಿಮ್ಮ ಸಭೆಗೆ ಬಂದಿದ್ದೆವು, ಗಂಡನ ಲಾರಿಯಲ್ಲೇ ದುಡಿಯುವ ನಾನು ಏಳನೆಯವಳು. ನೆನಪಿರಬಹುದು, ಕೊನೆಯ ಸಾಲಿನಲ್ಲಿ ಟೋಪಿ ಕೈಯಲ್ಲಿ ಹಿಡಿದು ನಿಂತಿದ್ದವರು. ಹತ್ತರಿಂದ ಒಂದು ಗಂಟೆಯವರೆಗೆ ಮಕ್ಕಳೆಲ್ಲ ಶಾಲೆಯಲ್ಲಿರುತ್ತಾರೆ, ಆ ಮೂರು ಗಂಟೆ ಮಾತ್ರ ಮೇಲಿನ ರಸ್ತೆ ಬಿಡಿ, ಲಾರಿಯ ಮುಂದೆ ನಾನೇ ಕೆಂಪು ಬಾವುಟ ಹಿಡಿದು ನಡೆಯುತ್ತೇನೆ ಎಂದು ನಾನು ಕೇಳಿಕೊಂಡೆ. ಹಿಂದಿದ್ದ ಯಾರೋ ನಕ್ಕರು. ಎರಡನೇ ಸಾಲಿನಲ್ಲಿದ್ದ ಒಬ್ಬ ತಾಯಿ, ಆಗಬಹುದಲ್ಲ ಎಂದು ಕೈ ಎತ್ತಿದಳು. ಪಕ್ಕದವರು ನೋಡಿದ ನೋಟಕ್ಕೆ ಕೈ ಇಳಿಸಿದಳು. ನೀವು ಬಹಳ ಮೃದುವಾಗಿ ಮಾತಾಡಿದಿರಿ.

"ಅಮ್ಮಾ, ನಿಮ್ಮ ಕಷ್ಟ ನಂಗೆ ಅರ್ಥ ಆಗುತ್ತೆ. ಆದ್ರೆ ಇವರೆಲ್ಲ ಜೀವಮಾನದ ಸಂಪಾದನೆ ಹಾಕಿ ತಗೊಂಡಿರೋದು ವಾಹನ ಇಲ್ಲದ ಉದ್ಯಾನ. ಲಾರಿ ಎತ್ತರ ಇದ್ರೆ ಲಾರಿ ತಗ್ಗಿಸ್ಬೇಕು. ಕಟ್ಟಡ ಎತ್ತೋಕೆ ಆಗುತ್ತಾ?"

ಸಭೆ ಚಪ್ಪಾಳೆ ತಟ್ಟಿತು. ನಾವು ಹೊರಗೆ ಬಂದಾಗ ನಿಮ್ಮ ಉದ್ಯಾನದ ರಸ್ತೆಯಲ್ಲಿ ಎರಡು ವಾಹನ ನಿಂತಿದ್ದವು. ಒಂದು ಮನೆ ಬದಲಿಸುವವರ ಸಾಮಾನಿನ ಲಾರಿ, ನಮ್ಮದರ ಎರಡರಷ್ಟು ದೊಡ್ಡದು. ಇನ್ನೊಂದು ಕಸದ ಲಾರಿ. ಅಧ್ಯಕ್ಷರೇ, ನಿಮ್ಮ ನಿಯಮದ ಸೊಗಸು ನನಗೆ ಅಂದೇ ಪೂರ್ತಿಯಾಗಿ ಅರ್ಥವಾಯಿತು. ರಟ್ಟಿನ ಪೆಟ್ಟಿಗೆಯೊಳಗೆ ನಿಮ್ಮ ಸಾಮಾನು ಇರುವವರೆಗೆ ಅದು ಮೇಲಿನ ರಸ್ತೆಯಲ್ಲಿ ಬರುವಂತಿಲ್ಲ. ಸಾಮಾನು ತೆಗೆದುಕೊಂಡು ಪೆಟ್ಟಿಗೆ ಎಸೆದ ಮೇಲೆ ಅದೇ ರಟ್ಟು ರಾಜಮರ್ಯಾದೆಯಿಂದ ಮೇಲಿನ ರಸ್ತೆಯಲ್ಲೇ ಹೋಗುತ್ತದೆ. ಕಸಕ್ಕೆ ಸಿಗುವ ದಾರಿ ಕಸ ತಂದುಕೊಡುವವನಿಗೆ ಸಿಗದು.

ನಾವು ಆರೂ ಲಾರಿಯವರು ಅಂದೇ ಒಂದು ಮಾತಿಗೆ ಬಂದೆವು. ಪೆಟ್ಟಿಗೆಗಳನ್ನು ಗೇಟಿನ ಬಳಿ ಇಳಿಸಿ ಹೋಗುವುದು, ಬೇಕಾದವರು ಬಂದು ತೆಗೆದುಕೊಳ್ಳಲಿ. ಹತ್ತೊಂಬತ್ತು ದಿನ ಹಾಗೆ ನಡೆಯಿತು. ಪೆಟ್ಟಿಗೆಗಳು ಆಳೆತ್ತರಕ್ಕೆ ಬೆಳೆದವು. ಯಾರದೋ ತವರಿನಿಂದ ಬಂದ ಕಿಮ್ಚಿಯ, ಅಂದರೆ ಎಲೆಕೋಸಿನ ಉಪ್ಪಿನಕಾಯಿಯ, ಡಬ್ಬಿ ಒಡೆದು ಕೆಂಪು ರಸ ಗೇಟಿನವರೆಗೆ ಹರಿದು ಹೆಪ್ಪುಗಟ್ಟಿತು. ನನ್ನ ಗಂಡನ ಫೋನಿಗೆ ದಿನಕ್ಕೆ ಇನ್ನೂರು ಸಂದೇಶ ಬರುತ್ತಿತ್ತು. 'ಉಚಿತ ಸಾಗಣೆ' ಎಂದು ಬರೆದಿದೆಯಲ್ಲ, ನಾವೇಕೆ ಹೊರಬೇಕು ಎಂಬುದು ಬಹುಪಾಲು ಸಂದೇಶಗಳ ಸಾರಾಂಶ. ಒಂದು ಸಂಗತಿ ನಿಮಗೆ ತಿಳಿದಿರಲಿ. ದೇಶದ ದಕ್ಷಿಣ ತುದಿಯಿಂದ ನಿಮ್ಮ ಗೇಟಿನವರೆಗೆ ಒಂದು ಪೆಟ್ಟಿಗೆ ಬರುವಷ್ಟು ದಾರಿಯನ್ನು ಯಂತ್ರಗಳು, ಹೆದ್ದಾರಿಗಳು, ದೊಡ್ಡ ಲಾರಿಗಳು ಹೊರುತ್ತವೆ. ಗೇಟಿನಿಂದ ಬಾಗಿಲಿನವರೆಗಿನ ನಾನೂರು ಮೀಟರ್ ಮಾತ್ರ ಮನುಷ್ಯ ಹೊರುತ್ತಾನೆ. ಆ ನಾನೂರು ಮೀಟರಿಗೆ ನಮ್ಮ ಕೈಗೆ ಬರುವುದರಲ್ಲಿ ಒಂದು ಲೋಟ ಕಾಫಿಯೂ ಬರುವುದಿಲ್ಲ. ಮಾರುವವನು ಉಚಿತ ಎನ್ನುತ್ತಾನೆ, ಕೊಳ್ಳುವವನು ಉಚಿತ ಎಂದು ನಂಬುತ್ತಾನೆ. ಹಾಗಾದರೆ ಅದರ ಬೆಲೆ ಎಲ್ಲಿ ಹೋಯಿತು ಎಂದು ನಿಮ್ಮಲ್ಲಿ ಯಾರೂ ಕೇಳಿಕೊಳ್ಳುವುದಿಲ್ಲವೇ?

ಇಪ್ಪತ್ತನೇ ದಿನ ಒಗ್ಗಟ್ಟು ಮುರಿಯಿತು. ಮುರಿದವರು ನಾವೇ. ಸರಿಯಾಗಿ ಹೇಳಬೇಕೆಂದರೆ, ನಾನು. ನಮ್ಮ ವಲಯವನ್ನು ಬೇರೆಯವರಿಗೆ ಕೊಡುತ್ತೇವೆ ಎಂದು ಪಾರ್ಸೆಲ್ ಕಂಪನಿಯ ಶಾಖೆಯಿಂದ ಫೋನು ಬಂತು. ಲಾರಿ ಕತ್ತರಿಸೋಣ ಎಂದವಳು ನಾನು. ವೆಲ್ಡಿಂಗ್ ಅಂಗಡಿಯವನು ಎರಡು ದಿನದಲ್ಲಿ ಲಾರಿಯ ಪೆಟ್ಟಿಗೆಯ ಮೇಲ್ಭಾಗ ಕೊಯ್ದು, ಚಾವಣಿ ಇಳಿಸಿ ಬೆಸೆದುಕೊಟ್ಟ. ಒಳಗಿನ ಎತ್ತರ ಒಂದೂಕಾಲು ಮೀಟರ್. ನನ್ನ ಗಂಡನ ಎದೆಮಟ್ಟ.

ಲಾರಿಯನ್ನು ಹೊರತಂದ ದಿನ ಬೊಂಗ್ ದುಸಿಕ್ ಅಂಗಡಿಯ ಮುಂದೆ ನಿಂತಿದ್ದ. ನಮ್ಮ ಆರು ಜನರಲ್ಲಿ ಕಿರಿಯ, ನನ್ನ ಗಂಡನನ್ನು ಅಣ್ಣ ಎಂದೇ ಕರೆಯುತ್ತಿದ್ದವನು. ಲಾರಿಯನ್ನು ಒಂದು ಸುತ್ತು ಹಾಕಿ ನೋಡಿ, ನಿಧಾನವಾಗಿ ಕೇಳಿದ.

"ಅಣ್ಣ, ನಾಳೆ ಅವರು ನೆಲಮಾಳಿಗೇನ ಇನ್ನೂ ತಗ್ಗು ಮಾಡಿದ್ರೆ ಏನ್ ಮಾಡ್ತೀಯಾ? ಕಾಲು ಕತ್ತರಿಸ್ಕೋತೀಯಾ?"

ಗಿತೇ ಲಾರಿ ಹತ್ತಿ ಎಂಜಿನ್ ಚಾಲೂ ಮಾಡಿದರು. ಅದಾದ ಮೇಲೆ ಒಂಬತ್ತು ತಿಂಗಳು ದುಸಿಕ್ ನಮ್ಮ ಜೊತೆ ಮಾತಾಡಲಿಲ್ಲ. ಅವನೂ ಉಳಿದವರೂ ಮೇಲಿನ ಗೇಟಿನಿಂದ ಕೈಗಾಡಿಯಲ್ಲಿ ತಳ್ಳಿಕೊಂಡು ಹೋಗತೊಡಗಿದರು. ದಿನಕ್ಕೆ ನಾಲ್ಕು ಗಂಟೆ ಹೆಚ್ಚಿನ ನಡಿಗೆ. ನಾವು ನೆಲಮಾಳಿಗೆಯಲ್ಲಿ, ನಿಮ್ಮ ನಿಯಮವನ್ನು ಪಾಲಿಸಿದ ಮಾದರಿ ಪಾರ್ಸೆಲ್ ನೌಕರರಾಗಿ.

ಒಂದೂಕಾಲು ಮೀಟರಿನ ಪೆಟ್ಟಿಗೆಯಲ್ಲಿ ಮನುಷ್ಯ ಕೆಲಸ ಮಾಡುವುದು ಹೇಗೆ ಎಂದು ನೀವು ಯೋಚಿಸಿರಲಾರಿರಿ. ನಿಲ್ಲುವಂತಿಲ್ಲ, ಕೂರುವಂತಿಲ್ಲ. ಮಂಡಿಯೂರಿ, ಒಂದು ಕೈ ನೆಲಕ್ಕೆ ಕೊಟ್ಟು, ಇನ್ನೊಂದು ಕೈಯಿಂದ ಪೆಟ್ಟಿಗೆ ಎಳೆಯಬೇಕು. ಬೆಳಿಗ್ಗೆ ತುಂಬುವಾಗ ಮುನ್ನೂರು ಸಲ, ಹಗಲು ಇಳಿಸುವಾಗ ಮುನ್ನೂರು ಸಲ. ಬೇಸಿಗೆಯಲ್ಲಿ ಗಿತೇಯ ಎರಡೂ ಮಂಡಿಯ ಚರ್ಮ ಎದ್ದು, ವಾಲಿಬಾಲ್ ಆಡುವವರು ಹಾಕುವಂಥ ಪಟ್ಟಿ ತಂದು ಕಟ್ಟಿಕೊಂಡರು. ಒಂದು ಸಂಜೆ ಊಟಕ್ಕೆ ಕೂತವರು ಎದ್ದುನಿಲ್ಲಲು ಆಗದೆ ಮೇಜು ಹಿಡಿದುಕೊಂಡೇ ಹೇಳಿದರು.

"ಯುಂಜು ಅಮ್ಮಾ, ಈ ಲಾರಿ ನನ್ನಿಂದ ಆಗಲ್ಲ ಅನ್ಸುತ್ತೆ."

ಯುಂಜು ನಮ್ಮ ಮಗಳು. ನಾನು ಅನ್ನ ಬಡಿಸುತ್ತಿದ್ದೆ. ತಲೆ ಎತ್ತದೆ ಹೇಳಿದೆ.

"ಊರಿಗೆಲ್ಲ ಬಗ್ಗಿ ಆಯ್ತು. ಲಾರಿಗೆ ಬಗ್ಗೋಕೆ ಏನ್ ಬಂತು ನಿಮ್ಗೆ?"

ಇದನ್ನು ಬರೆಯದೆ ಬಿಡಬಹುದಿತ್ತು. ಆದರೆ ನಿಮ್ಮೊಬ್ಬರನ್ನೇ ಕಲ್ಲೆದೆಯವರು ಎಂದು ಓದುಗರು ತಿಳಿದರೆ ಅದು ಅನ್ಯಾಯ. ನಿಮಗೆ ಮನೆಮನೆಯಲ್ಲೂ ಸಹಾಯಕರಿದ್ದಾರೆ. ನಮ್ಮ ಮನೆಯಲ್ಲಿ ನಾನಿದ್ದೆ.

ನವೆಂಬರ್ ಇಪ್ಪತ್ತೇಳು, ಗುರುವಾರ. ಚಳಿಗಾಲದ ಕಿಮ್ಚಿ ಹಾಕುವ ವಾರ. ಹಿಂದೆಲ್ಲ ಹೆಂಗಸರು ಮನೆಯಲ್ಲೇ ಎಲೆಕೋಸಿಗೆ ಉಪ್ಪು ಹಚ್ಚುತ್ತಿದ್ದರು. ಈಗ ಉಪ್ಪು ಹಚ್ಚಿದ ಎಲೆಕೋಸೇ ನೀರು ಸಮೇತ ಇಪ್ಪತ್ತು ಕಿಲೋದ ಪೆಟ್ಟಿಗೆಯಲ್ಲಿ ಬರುತ್ತದೆ. ಆ ದಿನ ನಮ್ಮ ಲಾರಿಯಲ್ಲಿ ಅಂಥವು ಐವತ್ತೆಂಟು ಇದ್ದವು. ಬೆಳಿಗ್ಗೆಯಿಂದ ಗಿತೇ ತಲೆನೋವು ಎನ್ನುತ್ತಿದ್ದರು. ಹನ್ನೊಂದೂವರೆಗೆ, ಒಂದು ಕಣ್ಣು ಮಂಜಾಗ್ತಿದೆ ಎಂದರು. ಇನ್ನು ಮೂರು ಗೋಪುರ ಮುಗಿದರೆ ಊಟ ಎಂದು ಹೇಳಿ ನಾನು ಒಂಬತ್ತನೇ ಗೋಪುರಕ್ಕೆ ಹತ್ತಿದೆ. ಇಳಿದು ಬಂದಾಗ ಲಾರಿಯ ಹಿಂಬಾಗಿಲಿನಿಂದ ಅವರ ಕಾಲು ಮಾತ್ರ ಕಾಣುತ್ತಿತ್ತು. ಒಂದು ಕಾಲು ಅಲುಗುತ್ತಿತ್ತು. ಇನ್ನೊಂದು ಅಲುಗುತ್ತಿರಲಿಲ್ಲ.

ಒಳಗೆ ತೆವಳಿ ಹೋದೆ. ಬಾಯಿ ಒಂದು ಕಡೆಗೆ ಎಳೆದಿತ್ತು. ಏನೋ ಹೇಳಲು ಪ್ರಯತ್ನಿಸುತ್ತಿದ್ದರು. ಆ ತಗ್ಗಿನಲ್ಲಿ ಒಬ್ಬ ಆಳನ್ನು ಎಳೆದು ಹೊರತರುವುದು ಹೆಂಗಸಿನಿಂದ ಆಗುವ ಕೆಲಸವಲ್ಲ. ನಾನು ಎಳೆದೆ. ಅವರನ್ನು ನೆಲಕ್ಕೆ ಇಳಿಸಿ ಆಂಬುಲೆನ್ಸಿಗೆ ಫೋನು ಮಾಡಿದೆ.

ಅಧ್ಯಕ್ಷರೇ, ನಿಮ್ಮ ನೆಲಮಾಳಿಗೆಯ ಲಿಫ್ಟಿನ ಬಾಗಿಲು ನಿವಾಸಿಗಳ ಕಾರ್ಡಿಗೆ ಮಾತ್ರ ತೆರೆಯುತ್ತದೆ. ನಾವು ಪ್ರತಿ ಸಲವೂ ಗೋಡೆಯ ಗುಂಡಿ ಒತ್ತಿ, ಯಾವುದಾದರೂ ಮನೆಯವರನ್ನು ಕೇಳಿಕೊಂಡು ಒಳಗೆ ಹೋಗುತ್ತೇವೆ. ಆ ದಿನ ಅವರನ್ನು ಲಿಫ್ಟಿನಲ್ಲಿ ಮೇಲಕ್ಕೆ ಒಯ್ಯಲು ನಾನು ಕೈಗೆ ಸಿಕ್ಕ ಮನೆಗಳ ಸಂಖ್ಯೆಗಳನ್ನು ಒತ್ತತೊಡಗಿದೆ. ಮೊದಲನೆಯ ಮನೆಯಿಂದ ಒಬ್ಬಳು, ಬಾಗಿಲ ಹತ್ರ ಇಟ್ಟು ಹೋಗಿ ಎಂದು ಫೋನು ಇಟ್ಟಳು. ಎರಡನೆಯ ಮನೆಯವನು, ಇವತ್ತು ನಮಗೇನೂ ಬರೋದಿಲ್ಲ ಎಂದ. ಮೂರನೆಯ ಮನೆಯಿಂದ ಒಂದು ಮುದಿದನಿ ಯಾರು, ಯಾರು ಎಂದು ಕೇಳುತ್ತಲೇ ಇತ್ತು. ಯಾವ ಗುಂಡಿ ಒತ್ತಬೇಕೆಂದು ಪಾಪ ಅದಕ್ಕೆ ತಿಳಿಯಲಿಲ್ಲ. ನಾಲ್ಕನೆಯದನ್ನು ನಾನು ಒತ್ತಲಿಲ್ಲ. ದುಸಿಕ್‌ಗೆ ಫೋನು ಮಾಡಿದೆ. ಒಂಬತ್ತು ತಿಂಗಳ ನಂತರ.

ಆಂಬುಲೆನ್ಸು ಹನ್ನೊಂದು ನಿಮಿಷದಲ್ಲಿ ಬಂದಿತ್ತು. ಅವರನ್ನು ದೂರುವಂತಿಲ್ಲ. ಇಳಿಜಾರಿನವರೆಗೆ ಬಂದು ನಿಂತುಬಿಟ್ಟಿತು. ನಿಮ್ಮ ಅಡ್ಡಪಟ್ಟಿ. ಆಂಬುಲೆನ್ಸು ನಮ್ಮ ಹಳೆಯ ಲಾರಿಗಿಂತಲೂ ಎತ್ತರ. ಅದರ ಚಾವಣಿಯನ್ನು ಯಾರೂ ಕತ್ತರಿಸಿರಲಿಲ್ಲ. ಒಳಗಿದ್ದವರು ಲಿಫ್ಟಿನಲ್ಲಿ ಬೇಗ ಇಳಿಯಬಹುದೆಂದು ಮೇಲಿನ ಬಾಗಿಲಿಗೆ ಓಡಿದರು; ಅಲ್ಲೂ ಕಾರ್ಡು ಕೇಳಿತು. ಕಾವಲುಗಾರ ಕಾರ್ಡು ಹುಡುಕಿ ತರುವಷ್ಟರಲ್ಲಿ ದುಸಿಕ್ ತನ್ನ ಕೈಗಾಡಿಯ ಮೇಲಿದ್ದ ಪೆಟ್ಟಿಗೆಗಳನ್ನೆಲ್ಲ ನಿಮ್ಮ ಹುಲ್ಲುಹಾಸಿನ ಮೇಲೆ ಉರುಳಿಸಿ, ಇಳಿಜಾರಿನಲ್ಲಿ ಓಡಿ ಬಂದ. ಗಿತೇಯ ಮುಖ ನೋಡಿ ಕಂಕುಳಿಗೆ ಕೈ ಕೊಟ್ಟ.

"ಅತ್ತಿಗೆ, ನೀವು ತಲೆ ಹಿಡ್ಕೊಳ್ಳಿ. ಗಾಡಿ ನಾನು ತಳ್ತೀನಿ."

ಹೀಗೆ ನನ್ನ ಗಂಡ ನಿಮ್ಮ ನೆಲಮಾಳಿಗೆಯಿಂದ ಹೊರಬಂದರು, ಪಾರ್ಸೆಲ್ ಗಾಡಿಯ ಮೇಲೆ, ಕಾಲು ಹೊರಗೆ ಜೋತುಬಿದ್ದು. ಇಳಿಜಾರಿನ ಅರ್ಧದಲ್ಲಿ ಹಿಂದೆ ಒಂದು ಬೂದು ಬಣ್ಣದ ಕಾರು ಬಂತು. ಹಾರ್ನು ಹೊಡೆಯಿತು. ಇನ್ನೊಮ್ಮೆ ಹೊಡೆಯಿತು. ದುಸಿಕ್ ತಿರುಗಿ ನೋಡಿದ ಮೇಲೆ ಸುಮ್ಮನಾಯಿತು. ಆ ಕಾರು ನಿಮ್ಮದಲ್ಲ; ನಾನು ಆಮೇಲೆ ವಿಚಾರಿಸಿದೆ. ನಿಮ್ಮದೇ ಆಗಿದ್ದರೆ ಚೆನ್ನಾಗಿತ್ತು ಎಂದು ಎಷ್ಟೋ ದಿನ ಅಂದುಕೊಂಡಿದ್ದೇನೆ.

ಅವರ ಮೆದುಳಿನ ನರದಲ್ಲಿ ರಕ್ತ ಹೆಪ್ಪುಗಟ್ಟಿದ್ದು ನಿಮ್ಮಿಂದ ಎಂದು ನಾನು ಹೇಳುತ್ತಿಲ್ಲ. ಅವರಿಗೆ ರಕ್ತದೊತ್ತಡವಿತ್ತು, ಸಿಗರೇಟು ಸೇದುತ್ತಿದ್ದರು, ಹೆಂಡತಿ ನಾನಿದ್ದೆ. ಆದರೆ ವೈದ್ಯರು ಬಿದ್ದ ಹೊತ್ತು, ತಂದ ಹೊತ್ತು ಎರಡನ್ನೂ ಕೇಳಿ ಬರೆದುಕೊಂಡು, ಪೆನ್ನು ಮುಚ್ಚಿ, ಇನ್ನೊಂದಿಷ್ಟು ಬೇಗ ಬಂದಿದ್ದರೆ ಎಂದು ಅಷ್ಟಕ್ಕೇ ನಿಲ್ಲಿಸಿದರು. ಆ 'ಇನ್ನೊಂದಿಷ್ಟು' ಎಲ್ಲಿ ಹೋಯಿತು ಎಂಬುದಕ್ಕೆ ನಿಮ್ಮ ಕ್ಯಾಮೆರಾಗಳಲ್ಲಿ ದಾಖಲೆಯಿದೆ. ಹದಿನೇಳು ನಿಮಿಷ. ನಿಮ್ಮ ಬಾಗಿಲುಗಳು ತಿಂದದ್ದು.

ಮಧ್ಯಾಹ್ನ ಮೂರಕ್ಕೆ ನಾನು ತೀವ್ರ ನಿಗಾ ಘಟಕದ ಹೊರಗೆ ಕೂತಿದ್ದಾಗ ಫೋನಿನಲ್ಲಿ ನಲವತ್ತಾರು ಸಂದೇಶಗಳಿದ್ದವು. ಒಂದು ಮನೆಯವರು ನಾಲ್ಕು ಸಲ ಕಳಿಸಿದ್ದರು: ಅತ್ತಿಗೆ ನಾದಿನಿಯರೆಲ್ಲ ಬಂದು ಕೂತಿದ್ದೇವೆ, ನಮ್ಮ ಎಲೆಕೋಸು ಎಲ್ಲಿ? ಶಾಖೆಯವರು ಫೋನು ಮಾಡಿ ಸಂತಾಪ ಸೂಚಿಸಿ, ಲಾರಿಯಲ್ಲಿರುವುದು ಕೆಡುವ ಸಾಮಾನು ಎಂದು ನೆನಪಿಸಿದರು. ಬದಲಿ ಆಳನ್ನು ಹುಡುಕುವ ಹೊಣೆ ನಮ್ಮದೇ ಎಂದು ಒಪ್ಪಂದದಲ್ಲಿದೆ. ಯುಂಜು ಬಂದ ಮೇಲೆ ಅವಳನ್ನು ಕೂರಿಸಿ, ನಾನು ನಿಮ್ಮಲ್ಲಿಗೆ ವಾಪಸು ಬಂದೆ. ಲಾರಿ ಹಿಂಬಾಗಿಲು ತೆರೆದುಕೊಂಡು ಹಾಗೆಯೇ ನಿಂತಿತ್ತು. ಮುಂದಿನ ಗಾಜಿನ ಮೇಲೆ, ಚಾಲಕನ ಕಣ್ಣಿಗೆ ನೇರವಾಗಿ, ನಿಮ್ಮ ಕಚೇರಿಯ ಹಳದಿ ಚೀಟಿ: "ಅನಧಿಕೃತ ನಿಲುಗಡೆ. ಪುನರಾವರ್ತನೆಯಾದಲ್ಲಿ ಪ್ರವೇಶ ರದ್ದು." ನಿಮ್ಮ ಅಂಟು ಬಹಳ ಒಳ್ಳೆಯದು. ಅದರ ಅರ್ಧದಷ್ಟು ಗಟ್ಟಿತನ ನಮ್ಮ ಒಗ್ಗಟ್ಟಿಗೆ ಇದ್ದಿದ್ದರೆ ಸಾಕಿತ್ತು.

ದುಸಿಕ್ ತನ್ನ ಪೆಟ್ಟಿಗೆಗಳನ್ನು ಬಿಟ್ಟು ನನ್ನ ಜೊತೆ ಇಳಿಸಿದ. ಕತ್ತಲಾಗುವ ಮುನ್ನ ಐವತ್ತೆಂಟು ಪೆಟ್ಟಿಗೆ ಎಲೆಕೋಸೂ ಬಾಗಿಲು ಸೇರಿದವು. ಒಬ್ಬರ ಎಲೆಕೋಸೂ ಕೆಡಲಿಲ್ಲ. ನಿಮ್ಮ ಮನೆಯವೂ ಸೇರಿ, ಮೂರು ಪೆಟ್ಟಿಗೆ. ಕಿಮ್ಚಿ ಚೆನ್ನಾಗಿ ಬಂದಿರಬೇಕು.

ಗಿತೇ ಬದುಕಿದ್ದಾರೆ. ಬಲಗೈ ಬಲಗಾಲಿಗೆ ಸ್ವಾಧೀನವಿಲ್ಲ. ಮಾತೂ ಹೋಯಿತು, ಒಂದೇ ಒಂದು ಮಾತಿನ ಹೊರತು. ಇಪ್ಪತ್ತೆರಡು ವರ್ಷ ದಿನಕ್ಕೆ ನೂರಾರು ಸಲ ಆಡಿದ ಮಾತು ಮೆದುಳಿನ ಬೇರೆ ಯಾವುದೋ ಮೂಲೆಯಲ್ಲಿ ಉಳಿದುಬಿಡುತ್ತದಂತೆ. ವೈದ್ಯರಿಗೆ ಅದರಲ್ಲಿ ಅಚ್ಚರಿಯೇನಿಲ್ಲ. ನರ್ಸು ಬಂದರೆ, ನೋವಾದರೆ, ನೀರು ಬೇಕಾದರೆ, ಅವರು ಒಂದೇ ಮಾತು ಹೇಳುತ್ತಾರೆ. ಮಗಳು ಮೊದಲ ಸಲ ಹತ್ತಿರ ಕೂತು ಅಪ್ಪಾ ಎಂದಾಗ ಅವರು ಅವಳನ್ನು ಬಹಳ ಹೊತ್ತು ನೋಡಿದರು, ಕಣ್ಣಲ್ಲಿ ನೀರು ತುಂಬಿತು, ಗಂಟಲು ಸರಿಮಾಡಿಕೊಂಡು ಹೇಳಿದರು.

"ಪಾರ್ಸೆಲ್ ಬಂದಿದೆ."

ಯುಂಜು ಹೊರಗೆ ಹೋಗಿ ಗೋಡೆಗೆ ಮುಖ ಒತ್ತಿ ನಿಂತಳು. ನಾನು ಅವರಿಗೆ ಗಂಜಿ ಕುಡಿಸಿದೆ.

ಎಂಟು ದಿನದ ಮೇಲೆ ನಿಮ್ಮ ಸಭೆಯಿಂದ ಒಂದು ಪೆಟ್ಟಿಗೆ ಮರಸೇಬು ಹಣ್ಣು ಬಂತು, ಬೇಗ ಗುಣವಾಗಲಿ ಎಂಬ ಅಚ್ಚಾದ ಚೀಟಿಯೊಂದಿಗೆ. ಲಿಫ್ಟಿಲ್ಲದ ನಮ್ಮ ಮೂರನೇ ಮಹಡಿಗೆ ಅದನ್ನು ಹೊತ್ತು ತಂದವನು ನಮ್ಮಂಥ ಇನ್ನೊಬ್ಬ, ನನಗಿಂತ ಹಿರಿಯ, ಏದುಸಿರು ಬಿಡುತ್ತಿದ್ದ. ಒಂದು ಹಣ್ಣು ಕೊಯ್ದು ಅವನಿಗೆ ಕೊಟ್ಟೆ. ಉಳಿದದ್ದನ್ನು ವಾರ್ಡಿನಲ್ಲಿ ಹಂಚಿದೆ. ಚೆನ್ನಾಗಿತ್ತು ಎಂದರು. ನಿಮ್ಮಲ್ಲಿ ಕರುಣೆಯಿಲ್ಲ ಎಂದು ಯಾರಾದರೂ ಹೇಳಿದರೆ ನಾನು ಸಾಕ್ಷಿ ಹೇಳಲು ಸಿದ್ಧ: ಇದೆ, ಒಂದು ಪೆಟ್ಟಿಗೆಯಷ್ಟು, ಸಾಗಣೆ ಉಚಿತ.

ಆಮೇಲೆ ಈ ಪ್ರಕಟಣೆ. ಎರಡು ತಿಂಗಳು ಯೋಚಿಸಿ, ಹದಿನಾಲ್ಕು ಪ್ರತಿನಿಧಿಗಳು ಕೂತು, ಕಾಫಿ ಕುಡಿದು, ನೀವು ಕಂಡುಕೊಂಡ ಪರಿಹಾರ. ಅಡ್ಡಪಟ್ಟಿ ಏರಲಿಲ್ಲ, ಬಾಗಿಲು ತೆರೆಯಲಿಲ್ಲ, ರಸ್ತೆ ಬಿಡಲಿಲ್ಲ. ಬೀಳುವವರು ಬೇರೆ ಕಡೆ ಬೀಳಲಿ ಎಂದು ಬರೆದಿರಿ. ಮಕ್ಕಳ ಕಣ್ಣಿಗೆ ಬೀಳಬಾರದು ಎಂದಿರಿ. ಯಾಕೆ ಬೀಳಬಾರದು? ತಮ್ಮ ಆಟಿಕೆ ಬಾಗಿಲಿಗೆ ಬರುವುದು ಹೇಗೆಂದು ನೋಡಿದ ಮಗು ಬೆಳೆದ ಮೇಲೆ ನಿಮ್ಮಂಥ ಅಧ್ಯಕ್ಷನಾಗಲಾರದು ಎಂಬ ಭಯವೇ?

ಈಗ ನನ್ನ ಬೇಡಿಕೆ. ಹಣ ಕೇಳುತ್ತಿಲ್ಲ, ನೀವು ನಿರಾಳವಾಗಿ ಮುಂದೆ ಓದಬಹುದು.

ಕಳೆದ ವಾರ ನಾನು ಲಾರಿಯ ಪೆಟ್ಟಿಗೆಯನ್ನು ಕಿತ್ತುಹಾಕಿಸಿ ಮೊದಲಿನ ಎತ್ತರದ ಪೆಟ್ಟಿಗೆ ಕೂರಿಸಿದ್ದೇನೆ. ಇನ್ನು ಅದು ನಿಮ್ಮ ನೆಲಮಾಳಿಗೆಗೆ ಇಳಿಯುವುದಿಲ್ಲ. ನಾನು ಬಯಸಿದರೂ ಇಳಿಯುವಂತಿಲ್ಲ. ನನಗೆ ನನ್ನ ಮೇಲೆ ನಂಬಿಕೆಯಿಲ್ಲ, ಆದ್ದರಿಂದಲೇ ಹಾಗೆ ಮಾಡಿಸಿದೆ. ಅದನ್ನು ನೋಡಲು ದುಸಿಕ್ ಬಂದಿದ್ದ. ಒಳಗೆ ಹತ್ತಿ, ನೆಟ್ಟಗೆ ನಿಂತು, ಚಾವಣಿಗೆ ಅಂಗೈ ತಾಗಿಸಿ ನೋಡಿ ಇಳಿದ. ಅಲ್ಲಿಂದಲೇ ಉಳಿದ ನಾಲ್ವರಿಗೆ ಫೋನು ಮಾಡಿದ.

ಲಿಫ್ಟುಗಳಿಂದ ಆ ಪ್ರಕಟಣೆಯನ್ನು ತೆಗೆಯಿರಿ. ಬೆಳಿಗ್ಗೆ ಹತ್ತರಿಂದ ಒಂದು ಗಂಟೆಯವರೆಗೆ ಮೇಲಿನ ರಸ್ತೆಯನ್ನು ನಮಗೆ ಬಿಡಿ. ನೆಲಮಾಳಿಗೆಯಲ್ಲಿ ಅನಾಹುತವಾದರೆ ಯಾರು ಬೇಕಾದರೂ ತೆರೆಯಬಹುದಾದ ಬಾಗಿಲು ಒಂದಾದರೂ ಇರಲಿ. ನಾಳೆ ಅಲ್ಲಿ ಬೀಳುವವರು ನೀವೇ ಆಗಿರಬಹುದು, ನಿಮ್ಮ ಜೇಬಿನಲ್ಲಿ ಆಗ ಕಾರ್ಡು ಇಲ್ಲದಿರಬಹುದು. ಇದೇ ತಿಂಗಳ ಮೂವತ್ತೊಂದರೊಳಗೆ ಲಿಖಿತ ಉತ್ತರ ಕೊಡಿ.

ಕೊಡದಿದ್ದರೆ, ಒಂದನೇ ತಾರೀಖಿನಿಂದ ನಾವು ಆರು ಜನರೂ ಪೆಟ್ಟಿಗೆಗಳನ್ನು ಗೇಟಿನ ಬಳಿ ಇಳಿಸುತ್ತೇವೆ. ಆರರಲ್ಲಿ ಒಬ್ಬರ ಜಾಗದಲ್ಲಿ ಅವರ ಹೆಂಡತಿ ಇರುತ್ತಾಳೆ, ಅಷ್ಟೇ ವ್ಯತ್ಯಾಸ. ಆಗ ಚಾಂದ್ರಮಾನ ಹೊಸ ವರ್ಷಕ್ಕೆ ಎರಡು ವಾರ ಉಳಿದಿರುತ್ತದೆ. ಬೀಗರಿಗೆ, ಮೇಲಧಿಕಾರಿಗಳಿಗೆ, ಹಿರಿಯರಿಗೆ ಎಂದು ಹಬ್ಬದ ಉಡುಗೊರೆಯಾಗಿ ಈ ಊರಿನ ಅರ್ಧ ಮಾಂಸ, ಮೀನು, ಹಣ್ಣು ನಿಮ್ಮ ಗೇಟಿಗೆ ಬರಲಿದೆ. ಹೊರಗೆ ಕಡುಚಳಿ, ಏನೂ ಕೆಡುವುದಿಲ್ಲ. ಕೋಟು ಹಾಕಿಕೊಂಡು ಬನ್ನಿ, ಕೈಗವಸು ಮರೆಯಬೇಡಿ. ಒಂದು ಪೆಟ್ಟಿಗೆ ಹಸುವಿನ ಪಕ್ಕೆಲುಬು ಹತ್ತು ಕಿಲೋ ತೂಗುತ್ತದೆ. ಹೆಗಲಿಗೆ ಏರಿಸುವಾಗ ತೊಂದರೆಯಾದರೆ ಕರೆಯಿರಿ, ನಾನು ಅಲ್ಲೇ ಇರುತ್ತೇನೆ. ನೋಡುತ್ತಾ ನಿಂತಿರುತ್ತೇನೆ.

ಇಂತಿ,
ನಿಮ್ಮನ್ನು ದ್ವೇಷಿಸಲು ಕೂಡ ದಿನದಲ್ಲಿ ಬಿಡುವು ಸಿಗದ,
ತಾಕ್ ಬೊಕ್‌ಹೀ